ಬೆನ್ನು ಗಟ್ಟಿಯಿರುವ ಕವಚ

ಮೊನ್ನೆ ನನ್ನ ಫೋನು, ಇನ್ನು ತನ್ನೊಳಗೆ ಜಾಗವಿಲ್ಲ ಎಂದು ಹಟ ಹಿಡಿದು ಕೂತಿತು. ಒಂದು ಫೋಟೋ ತೆಗೆಯಲೂ ಬಿಡಲಿಲ್ಲ. ಒಳಗೆ ಯಾರು ಎಷ್ಟು ಜಾಗ ಹಿಡಿದಿದ್ದಾರೆ ಎಂದು ತೆರೆದು ನೋಡಿದರೆ, ಗುಂಡು ಹಾರಿಸುವ ಆ ಆಟ ಎಲ್ಲರಿಗಿಂತ ಮೇಲೆ ಕಾಲು ಚಾಚಿ ಮಲಗಿತ್ತು. ನಾನು ಹಾಕಿದ ಚಪ್ಪರಗಳ ಫೋಟೋ, ಮಗಳು ಕಳಿಸಿದ ವಿಡಿಯೋ, ಬೆಳಗಾದರೆ ಬರುವ ಶುಭೋದಯದ ಹೂಗಳು ಎಲ್ಲ ಸೇರಿದರೂ ಅದರ ಅರ್ಧಕ್ಕೆ ಬರುತ್ತಿರಲಿಲ್ಲ. ಅಳಿಸಿಬಿಡೋಣವೆಂದು ಬೆರಳಿಟ್ಟೆ. ಮನಸ್ಸು ಬರಲಿಲ್ಲ. ಕಡೆಗೆ ಹೂಗಳನ್ನೆಲ್ಲ ಅಳಿಸಿ ಆಟವನ್ನು ಉಳಿಸಿಕೊಂಡೆ.

ಐವತ್ತೆರಡು ವರ್ಷದ ನಾನು, ಬ್ರಹ್ಮಾವರದಲ್ಲಿ ಶಾಮಿಯಾನ, ಕುರ್ಚಿ, ಕೊಪ್ಪರಿಗೆ ಬಾಡಿಗೆಗೆ ಕೊಡುವವನು, ಇಂಥ ಆಟ ಇಟ್ಟುಕೊಂಡಿದ್ದೇನೆ ಎಂದರೆ ನಿಮಗೆ ನಗು ಬರಬಹುದು. ನಗಿ, ಅಡ್ಡಿಯಿಲ್ಲ. ಆದರೆ ಆ ಆಟದಲ್ಲಿ ಸಿಗುವ ವಿಶೇಷ ಕವಚಗಳ ಪೈಕಿ ಯಾವುದು ಹೆಚ್ಚು ಪ್ರಯೋಜನದ್ದು ಎಂಬ ಬಗ್ಗೆ ಒಂದು ಇಡೀ ಮಳೆಗಾಲ ವಾದ ಮಾಡಿದವನು ನಾನು. ವಾದ ಮಾಡಿದ್ದು ನನ್ನ ಒಡಹುಟ್ಟಿದ ಅಕ್ಕನ ಜೊತೆ. ಆಗ ನಾವಿಬ್ಬರೂ ಒಬ್ಬರ ಮನೆಗೆ ಒಬ್ಬರು ಹೋಗದೆ ಮೂರು ವರ್ಷ ಆಗಿತ್ತು. ಇನ್ನು ಹೀಗೇ ಮುಗಿದುಹೋಗುತ್ತದೆಯೋ ಏನೋ ಎಂದು ನಾನು ಒಳಗೊಳಗೇ ಹೆದರಿದ್ದೆ. ಹೆದರಿದ್ದೆ ಎಂದು ಆಗ ಯಾರಾದರೂ ಹೇಳಿದ್ದರೆ ಜಗಳಕ್ಕೆ ಹೋಗುತ್ತಿದ್ದೆ.

ನಮ್ಮ ಕಸುಬಿಗೆ ಮಳೆಗಾಲವೆಂದರೆ ರಜೆ. ಆಷಾಢದ ಆಟಿ ತಿಂಗಳಲ್ಲಿ ಮದುವೆಯಿಲ್ಲ, ಮುಂಜಿಯಿಲ್ಲ, ತೀರಿಕೊಂಡವರ ಮನೆಯವರೂ ಅಂಗಳಕ್ಕೆ ತಗಡು ಹಾಕಿಸಿಕೊಂಡಿರುತ್ತಾರೆ. ಮಡಚಿಟ್ಟ ಶಾಮಿಯಾನಕ್ಕೆ ಬೂಸ್ಟು ಹಿಡಿಯಿತೇ, ಇಲಿ ಹೊಕ್ಕಿತೇ ಎಂದು ಗೋದಾಮಿಗೆ ದಿನಕ್ಕೊಮ್ಮೆ ಹೋಗಿ ಮೂಸಿ ಬರುವುದಷ್ಟೇ ಕೆಲಸ. ಉಳಿದ ಹೊತ್ತು ಮನೆಯಲ್ಲಿ ನನ್ನನ್ನು ಸಹಿಸಿಕೊಳ್ಳುವ ಕೆಲಸ ಹೆಂಡತಿ ಸುಮಿತ್ರೆಯದು. ಅವಳು ಗುಡಿಸಲು ಬಂದಾಗಲೆಲ್ಲ ನಾನು ಗುಡಿಸಬೇಕಾದ ಜಾಗದಲ್ಲೇ ಕೂತಿರುತ್ತೇನೆ ಎಂಬುದು ಅವಳ ದೂರು. ಅದು ನಿಜವೂ ಹೌದು.

ಆಟವನ್ನು ಫೋನಿಗೆ ಹಾಕಿಕೊಟ್ಟವನು ಶೀನ. ನಮ್ಮ ಚಿಕ್ಕಮ್ಮನ ಮಗ, ಬೈಂದೂರಿನಲ್ಲಿ ಮೀನಿಗೆ ಐಸ್ ಮಾಡುವ ಪ್ಲಾಂಟು ನೋಡಿಕೊಳ್ಳುತ್ತಾನೆ. ಮಳೆಗಾಲದಲ್ಲಿ ಬೋಟು ಸಮುದ್ರಕ್ಕೆ ಇಳಿಯದಿದ್ದರೆ ಅವನೂ ನನ್ನ ಹಾಗೆಯೇ ಖಾಲಿ. ಒಂದು ದಿನ ಬ್ರಹ್ಮಾವರಕ್ಕೆ ಬಂದವನು ನನ್ನ ಗೋದಾಮಿನ ಬಾಗಿಲಲ್ಲಿ ನಿಂತು, "ಹ್ವಾಯ್ ಚಂದ್ರಣ್ಣ, ಆ ಕುರ್ಚಿ ಮುಖ ಎಷ್ಟ್ ಕಾಂತ್ರಿ? ಫೋನ್ ಕೊಡಿ ಇಲ್ಲಿ" ಎಂದು ಕಿತ್ತುಕೊಂಡ. ಮಧ್ಯಾಹ್ನ ಊಟ ಮುಗಿದ ಮೇಲೆ ಮೂರು ಗಂಟೆಗೆ ಆಟ ಎಂದು ಹೊತ್ತನ್ನೂ ಅವನೇ ಗೊತ್ತು ಮಾಡಿದ.

ಆಟ ಇಷ್ಟೇ. ನೂರು ಜನರನ್ನು ವಿಮಾನದಿಂದ ಒಂದು ದ್ವೀಪದ ಮೇಲೆ ಇಳಿಸುತ್ತಾರೆ. ಬರಿಗೈಯಲ್ಲಿ ಇಳಿದವರು ಅಲ್ಲಿನ ಮನೆಗಳಿಗೆ ನುಗ್ಗಿ ಕೋವಿ, ಔಷಧ, ಕವಚ ಎಲ್ಲ ಹುಡುಕಿಕೊಂಡು ಒಬ್ಬರನ್ನೊಬ್ಬರು ಹೊಡೆದುಕೊಳ್ಳಬೇಕು. ಕೊನೆಗೆ ಉಳಿದ ತಂಡ ಗೆದ್ದಂತೆ. ತಂಡಕ್ಕೆ ನಾಲ್ಕು ಜನ. ಕಿವಿಗೆ ಇಯರ್‌ಫೋನು ಸಿಕ್ಕಿಸಿಕೊಂಡರೆ ತಂಡದವರು ಮಾತಾಡಿಕೊಳ್ಳಬಹುದು. ನಾನು ಮೊದಲ ಮೂರು ದಿನ ಇಳಿದ ಮನೆಯ ಬಚ್ಚಲಲ್ಲಿ ಅಡಗಿ ಕೂತು, ಅಲ್ಲೇ ಸತ್ತೆ.

ನಾಲ್ಕನೆಯ ದಿನ ತಂಡಕ್ಕೆ ಒಬ್ಬರು ಹೊಸಬರು ಬಂದಿದ್ದರು. ನಾಲ್ಕನೆಯವನಾಗಿ ಸೇರಿದ್ದ ಯಾರೋ ಉತ್ತರದ ಹುಡುಗನಿಗೆ ಹೆಂಗಸಿನ ಧ್ವನಿಯೊಂದು ಬೊಂಬಾಯಿ ಹಿಂದಿಯಲ್ಲಿ, "ಅರೆ ಬಾಬಾ, ರಸ್ತಾ ಛೋಡ್" ಎಂದು, ದಾರಿ ಬಿಡುವಂತೆ ಗದರಿಸಿತು. ಆಮೇಲೆ ನಮ್ಮ ಭಾಷೆಗೆ ತಿರುಗಿ, "ಶೀನ, ಆ ಬಾಗ್ಲಂಗೆ ಕಂಬದ ಹಂಗೆ ನಿತ್ತವ ಯಾರ್ ಮಾರಾಯ? ಆಚೆ ಸರೂಕ್ ಹೇಳ್" ಎಂದಿತು. ಬಾಗಿಲಲ್ಲಿ ನಿಂತವನು ನಾನು. ಧ್ವನಿ ನನ್ನ ಅಕ್ಕ, ಗಿರಿಜಕ್ಕನದು. ನನಗೆ ಏನು ಮಾಡಬೇಕೆಂದು ತೋಚದೆ ಕೆಮ್ಮು ಬಂತು. ನಮ್ಮ ಮನೆಯ ಕೆಮ್ಮು ಅಪ್ಪನಿಂದ ಬಂದದ್ದು, ಸಾವಿರ ಜನರ ನಡುವೆಯೂ ಗುರುತು ಸಿಗುವಂಥದ್ದು. ಮತ್ತೆ ಅಕ್ಕ, "ಆ ಪೆಟ್ಟಿಗೆ ಒಳ್ಗೆ ಒಂದ್ ಜಾಕೆಟ್ ಇತ್ತ್. ಬೇಕಾದವ್ರ್ ತಕಂಬ್ಲಕ್ಕ್" ಎಂದಳು. ಮೂರು ವರ್ಷದ ಮೇಲೆ ಅಕ್ಕ ನನಗೆ ಹೇಳಿದ ಮೊದಲ ಮಾತು ಅದು. ನಾನು ಹೋಗಿ ತೆಗೆದುಕೊಂಡೆ.

ಮೂರು ವರ್ಷದ ಕಥೆಯನ್ನು ಇಲ್ಲೇ ಹೇಳಿಬಿಡುತ್ತೇನೆ. ಬ್ರಹ್ಮಾವರದಲ್ಲಿ ನಾನೊಂದು ಮನೆ ಕಟ್ಟಿಸಿದೆ. ಒಕ್ಕಲಿಗೆ, ಅಂದರೆ ಗೃಹಪ್ರವೇಶಕ್ಕೆ, ನಾನ್ನೂರು ಕಾಗದ ಅಚ್ಚು ಹಾಕಿಸಿದೆ. ನಮ್ಮ ಕಡೆ ಕಾಗದ ಕೊಡುವುದು ಊರಿನವರಿಗೆ, ಪರಿಚಯದವರಿಗೆ. ತೀರ ಒಳಗಿನವರಿಗೆ ಕಾಗದವಿಲ್ಲ, ಹೋಗಿ ಬಾಯಲ್ಲಿ ಹೇಳಬೇಕು. ಅಕ್ಕನ ಕೈಗೆ ಕಾಗದ ಕೊಟ್ಟರೆ ಅವಳನ್ನು ಹೊರಗಿನವಳು ಮಾಡಿದ ಹಾಗೆ. ಹೇಳಿಕೆ ಹೇಳುವುದಕ್ಕೂ ಒಂದು ಕ್ರಮವುಂಟು. ಒಳಗೆ ಹೋಗಿ ಕೂರಬೇಕು, ಕೊಟ್ಟ ಬೆಲ್ಲ ನೀರು ಕುಡಿಯಬೇಕು, ಊರಿನ ನಾಲ್ಕು ಮಾತಾಡಿ, ಆಮೇಲೆ ಎದ್ದು ನಿಂತು ದಿನ, ಹೊತ್ತು ಹೇಳಿ ಕರೆಯಬೇಕು.

ನಾನು ಕಿರಿಮಂಜೇಶ್ವರದ ಅಕ್ಕನ ಮನೆಗೆ ಹೋದೆ. ಹೋದದ್ದು ಬೈಂದೂರಿನ ಮದುವೆಯೊಂದಕ್ಕೆ ಕುರ್ಚಿ ತುಂಬಿಕೊಂಡು ಹೊರಟ ಪಿಕಪ್ಪಿನಲ್ಲಿ, ದಾರಿಯ ಮೇಲೆ. ಅಕ್ಕ ಅಂಗಳ ತುಂಬ ಚಾಪೆ ಹಾಸಿ ಹಲಸಿನ ಹಪ್ಪಳ ಒಣಗಿಸುತ್ತಿದ್ದಳು. ಹಪ್ಪಳ ತುಳಿಯಬಾರದೆಂದು ನಾನು ಚಾಪೆಯ ಈಚೆಯೇ ನಿಂತು, "ಅಕ್ಕ, ಬಪ್ಪು ಗುರುವಾರ ಒಕ್ಲ್. ಎರಡ್ ದಿನ ಮುಂಚೆಯೇ ಬಂದ್ಬಿಡ್ಕ್" ಎಂದೆ. ಅವಳು ತಲೆಯೆತ್ತಿ ನಕ್ಕು, "ಅಕ್ಕ್ ಅಕ್ಕ್" ಎಂದಳು, ಆಗಲಿ ಆಗಲಿ ಎನ್ನುವ ಹಾಗೆ. ಒಳಗೆ ಬಾ ಎಂದೂ ಹೇಳಿದಳು. ಹೊತ್ತಾಯಿತೆಂದು ನಾನು ಓಡಿದೆ.

ಗುರುವಾರ ಅಕ್ಕ ಬರಲಿಲ್ಲ. ಭಾವನೂ ಬರಲಿಲ್ಲ. ನಮ್ಮ ಮನೆತನದಲ್ಲಿ ಹೊಸ ಒಲೆಯ ಮೇಲೆ ಹಾಲು ಉಕ್ಕಿಸುವುದು ಮನೆಯ ಹೆಣ್ಣುಮಗಳ ಹಕ್ಕು. ಭಟ್ಟರು ಮುಹೂರ್ತ ಮೀರುತ್ತದೆ ಎಂದು ಮೂರು ಸಲ ಹೇಳಿದ ಮೇಲೆ ಶೀನನ ತಂಗಿಯ ಕೈಯಲ್ಲಿ ಆ ಕೆಲಸ ಮಾಡಿಸಿದೆವು. ಬಂದವರೆಲ್ಲ, "ಗಿರಿಜ ಎಲ್ಲಿ? ಕಾಂತಿಲ್ಲೆ" ಎಂದು ಕೇಳುವವರೇ. ಮೈ ಹುಷಾರಿಲ್ಲ ಎಂದು ಹೇಳಿ ಹೇಳಿ ಬಾಯಿ ಒಣಗಿತು. ನನಗೆ ಸಿಟ್ಟಿಗಿಂತ ಹೆಚ್ಚಾಗಿ ಅವಮಾನವಾಯಿತು. ಮೂವತ್ತು ವರ್ಷ ಬೊಂಬಾಯಿಯಲ್ಲಿ ಗಂಡನ ಕ್ಯಾಂಟೀನು ನಡೆಸಿ ಬಂದವಳಿಗೆ ತಮ್ಮನ ಮನೆ ಸಣ್ಣದಾಗಿ ಕಂಡಿತು, ಗರ್ವ ಬಂದಿದೆ ಎಂದು ನಾನು ನಾಲ್ಕು ಜನರ ಮುಂದೆ ಹೇಳಿಯೂ ಬಿಟ್ಟೆ. ಅಂಥ ಮಾತು ಬಸ್ಸಿಗಿಂತ ಮುಂಚೆ ಊರು ತಲುಪುತ್ತದೆ. ಅವಳು ಫೋನು ಮಾಡಲಿಲ್ಲ. ಯಾಕೆ ಬರಲಿಲ್ಲ ಎಂದು ನಾನೂ ಕೇಳಲಿಲ್ಲ. ಮೊದಲು ಮಾತಾಡಬೇಕಾದವಳು ಅವಳು ಎಂದು ನಾನು ಕೂತೆ. ಕೂತರೆ ಮೂರು ವರ್ಷ ಎಂಬುದು ಒಂದು ಹೊತ್ತೇ ಅಲ್ಲ.

ಇನ್ನು ಕವಚದ ವಿಷಯ. ಶೀನನೂ ಅಕ್ಕನೂ ಅದಕ್ಕೆ ಜಾಕೆಟ್ ಎನ್ನುತ್ತಿದ್ದರು. ನನಗೆ ಕವಚ ಎಂದರೇ ಒಂದು ಮರ್ಯಾದೆ. ಸಾಧಾರಣ ಕವಚ ಎಲ್ಲರಿಗೂ ಸಿಗುತ್ತದೆ. ವಿಶೇಷ ಕವಚಗಳು ಮೂರು, ಅವು ಸಿಗುವುದು ಅಪರೂಪ. ಅವುಗಳ ಇಂಗ್ಲಿಷ್ ಹೆಸರು ಬಾಯಿಗೆ ಬಾರದೆ ನಾವು ನಮ್ಮದೇ ಹೆಸರಿಟ್ಟೆವು. ಮೊದಲನೆಯದು ಆನೆ. ತೊಟ್ಟರೆ ಬಿದ್ದ ಗುಂಡಿನ ಪೆಟ್ಟು ಅರ್ಧಕ್ಕರ್ಧ ಕಡಿಮೆ, ಆದರೆ ಓಟವೂ ಅರ್ಧ. ಎರಡನೆಯದು ಬೆಕ್ಕು. ಅದನ್ನು ತೊಟ್ಟವರ ಹೆಜ್ಜೆ ಸದ್ದು ಶತ್ರುವಿಗೆ ಕೇಳಿಸದು, ಆದರೆ ಕವಚ ತೆಳು. ಮೂರನೆಯದು ಹಲ್ಲಿ. ಹರಿದಷ್ಟೂ ತಾನಾಗಿ ಮತ್ತೆ ಬೆಳೆಯುತ್ತದೆ, ಆದರೆ ಬೆಳೆಯುವ ತನಕ ಅಲ್ಲಾಡದೆ ಒಂದೇ ಕಡೆ ನಿಂತಿರಬೇಕು.

ಶೀನ ಬೆಕ್ಕಿನ ಪಕ್ಷ. ಶತ್ರುವಿಗೆ ನಾವು ಬಂದದ್ದೇ ಗೊತ್ತಾಗದಿದ್ದರೆ ಪೆಟ್ಟು ತಿನ್ನುವ ಪ್ರಶ್ನೆಯೇ ಇಲ್ಲ ಎಂಬುದು ಅವನ ವಾದ. ನಾನು ಆನೆ. ಓಡುವ ಅಭ್ಯಾಸ ನನಗೆ ಹೊರಗೂ ಇಲ್ಲದ್ದರಿಂದ ನಷ್ಟವೇನೂ ಕಾಣಲಿಲ್ಲ. ಅಕ್ಕ ಮಾತ್ರ ಯಾವುದಕ್ಕೂ ಒಪ್ಪುತ್ತಿರಲಿಲ್ಲ. ಒಂದು ದಿನ ಆನೆ, ಒಂದು ದಿನ ಹಲ್ಲಿ, ಒಂದು ದಿನ ಬೆಕ್ಕು ಎಂದು ತೊಟ್ಟು ನೋಡಿ, ಪ್ರತಿ ದಿನವೂ ಹಿಂದಿನಿಂದ ಬಂದವರ ಕೈಯಲ್ಲಿ ಸತ್ತು, ಸತ್ತ ಮೇಲೆ ಕವಚವನ್ನು ಬೈಯುವಳು.

"ಇದರ ಬೆನ್ನ್ ಬದಿ ತೆಳು ಇತ್ತ್. ಎದಿಗ್ ಮಾತ್ರ ಸಮ ಮಾಡೀರ್."

"ಹಂಗೆಲ್ಲ ಇರುದಿಲ್ಲೆ ಗಿರಿಜಕ್ಕ. ಸುತ್ತ ಒಂದೇ" ಎಂದು ಶೀನ.

"ನೀ ಸುಮ್ನಿರ್. ತೊಟ್ಟವ್ಳ್ ನಾನಾ, ನೀನಾ?"

ಬೆಕ್ಕಿನ ಬಗ್ಗೆಯಂತೂ ಅವಳಿಗೆ ಗೌರವವೇ ಇರಲಿಲ್ಲ. "ಹೆಜ್ಜೆ ಕೇಂತಿಲ್ಲೆ ಅಂಬ್ರ್. ಅದೆಂತ ದೊಡ್ಡ್ ವಿಶೇಷ? ಯಾರ್ ಹೆಜ್ಜೆ ಯಾರಿಗ್ ಕೇಂತ್ತ್ ಈ ಗಲಾಟಿಯಂಗೆ?" ಎನ್ನುವಳು. ನಾವಿಬ್ಬರೂ ನಗುತ್ತಿದ್ದೆವು. ಅವಳು ತುಂಬ ದೊಡ್ಡದಾಗಿ ಮಾತಾಡುತ್ತಿದ್ದಳು. ಅದು ಬೊಂಬಾಯಿಯ ಅಭ್ಯಾಸ ಎಂದುಕೊಂಡಿದ್ದೆ. ಕೆಲವೊಮ್ಮೆ ಕೇಳಿದ್ದಕ್ಕೂ ಹೇಳಿದ್ದಕ್ಕೂ ತಾಳಮೇಳವಿರುತ್ತಿರಲಿಲ್ಲ. ನಾನು ಕೋವಿ ಉಂಟಾ ಎಂದರೆ ಅವಳು ಊಟ ಆಯಿತು ಎನ್ನುವಳು. "ನೆಟ್‌ವರ್ಕ್ ಸಮ ಇಲ್ಲೆ" ಎಂದು ತಾನೇ ಹೇಳಿಬಿಡುವಳು. ಕಿರಿಮಂಜೇಶ್ವರದ ನೆಟ್‌ವರ್ಕನ್ನು ನಾವೂ ಅವಳ ಜೊತೆ ಸೇರಿ ಬೈದೆವು.

ಒಕ್ಕಲಿನ ಸುದ್ದಿ ಮಾತ್ರ ಯಾರೂ ಎತ್ತಲಿಲ್ಲ. ಅಕ್ಕ ನನ್ನನ್ನು ಹೆಸರು ಹಿಡಿದು ಕರೆಯುತ್ತಿರಲಿಲ್ಲ. "ಆನೆ ಹಾಕ್ಕಂಡವ್ರ್ ಮುಂದ್ ಹೋಯ್ಲಿ" ಎನ್ನುವಳು. ನಾನೂ ಅವಳನ್ನು ಅಕ್ಕ ಎನ್ನದೆ, "ಹಲ್ಲಿ ಎಲ್ಲಿತ್ತ್?" ಎಂದು ಶೀನನ ಹತ್ತಿರ ಕೇಳುತ್ತಿದ್ದೆ. ಇಷ್ಟಾದರೂ ಮೂರು ಗಂಟೆ ಆಗುವುದನ್ನು ನಾನು ಕಾಯುತ್ತಿದ್ದೆ. ಒಂದು ದಿನ ಕರೆಂಟು ಹೋಗಿ ಅವಳು ಬರಲಿಲ್ಲವೆಂದರೆ ನನಗೆ ಸಂಜೆಯ ಚಾ ರುಚಿಸುತ್ತಿರಲಿಲ್ಲ. ಸುಮಿತ್ರೆ ಇದನ್ನು ಗಮನಿಸಿದ್ದಳು. ಅವಳು ಮೂರು ಗಂಟೆಗೆ ಗುಡಿಸಲು ಬರುವುದನ್ನು ಬಿಟ್ಟಳು.

ಕವಚದ ವಾದ ಅಕ್ಕನಿಗೆ ಹೊಸತಲ್ಲ. ನಾವು ಚಿಕ್ಕವರಿದ್ದಾಗ ಕೋಟದಲ್ಲಿ ಆಚೆಮನೆಯ ಮಕ್ಕಳಿಗೂ ನಮಗೂ ಹೊನ್ನೆಕಾಯಿಯ ಯುದ್ಧ ನಡೆಯುತ್ತಿತ್ತು. ಹೊನ್ನೆಕಾಯಿ ಬಿದ್ದರೆ ಗುಳ್ಳೆ ಏಳುವಷ್ಟು ನೋವು. ನನಗಿಂತ ಐದು ವರ್ಷ ದೊಡ್ಡವಳಾದ ಅಕ್ಕ ನಮ್ಮ ಸೇನಾಪತಿ. ಅಡಿಕೆ ಹಾಳೆ ಕತ್ತರಿಸಿ, ಬಾಳೆ ನಾರಿನಲ್ಲಿ ಕಟ್ಟಿ ನನಗೆ ಎದೆಗವಚ ಮಾಡಿಕೊಟ್ಟವಳು ಅವಳೇ. ಅದರ ಬೆನ್ನು ಬಯಲು. ಅದಕ್ಕೆಂದು ಒಮ್ಮೆ ಅಮ್ಮನ ಗೊರಬನ್ನು ಕದ್ದು ನನ್ನ ಮೇಲೆ ಹೊರಿಸಿದಳು. ಗೊರಬು ಎಂದರೆ ನಾಟಿಯ ಹೆಂಗಸರು ಮಳೆಗೆ ತಲೆಯಿಂದ ಸೊಂಟದವರೆಗೆ ಬೆನ್ನ ಮೇಲೆ ಹೊದೆಯುತ್ತಿದ್ದ, ಬಿದಿರು ಹೆಣೆದು ಎಲೆ ಹೊದೆಸಿದ ದೋಣಿಯಂಥದ್ದು. ಮುಂದೆ ಹಾಳೆ, ಹಿಂದೆ ಗೊರಬು, ನಡುವೆ ನಾನು. ನಾಲ್ಕು ಹೆಜ್ಜೆ ಓಡಿ ಗದ್ದೆಯ ಕೆಸರಿಗೆ ಮಕಾಡೆ ಬಿದ್ದೆ. ಆಚೆಮನೆಯವರು ಹೊಡೆಯುವುದನ್ನು ಬಿಟ್ಟು ನಗಲು ಕೂತರು. ಹರಿದ ಗೊರಬಿಗೆ ಅಮ್ಮ ಕೊಟ್ಟ ಪೆಟ್ಟನ್ನು ತಡೆಯುವ ಕವಚ ನಮ್ಮ ಹತ್ತಿರ ಇರಲಿಲ್ಲ.

ಆಗಿನ ಅಕ್ಕನ ಕಿವಿ ಊರಿಗೇ ಪ್ರಸಿದ್ಧ. ಹೆದ್ದಾರಿಯ ತಿರುವಿನಲ್ಲಿ ಬಸ್ಸು ಬರುವಾಗಲೇ ಅದು ಯಾವ ಬಸ್ಸು, ಯಾವ ಡ್ರೈವರು ಎಂದು ಮನೆಯೊಳಗಿಂದ ಹೇಳುವಳು. ಹಿತ್ತಿಲಲ್ಲಿ ತೆಂಗಿನಕಾಯಿ ಬಿದ್ದರೆ ಎಷ್ಟನೆಯ ಮರದ್ದು ಎನ್ನುವಳು. ಹೋಗಿ ನೋಡಿದರೆ ಹೌದು. ಆ ಕಿವಿ ಬೊಂಬಾಯಿಯಲ್ಲಿ ಮೂವತ್ತು ವರ್ಷ ದೊಡ್ಡ ಗ್ರೈಂಡರಿನ ಪಕ್ಕ, ಹೊಗೆ ಎಳೆಯುವ ಫ್ಯಾನಿನ ಕೆಳಗೆ ನಿಂತಿತ್ತು ಎಂಬುದನ್ನು ನಾನು ಯೋಚಿಸಿಯೇ ಇರಲಿಲ್ಲ. ಕ್ಯಾಂಟೀನು ಎಂದರೆ ನನಗೆ ಅಲ್ಲಿಂದ ಬರುತ್ತಿದ್ದ ಬಿಸ್ಕೇಟು ಡಬ್ಬಿ ಮಾತ್ರ.

ಬೆನ್ನು ತೆಳುವೋ ಅಲ್ಲವೋ ಎಂಬ ಜಗಳ ತೀರದೆ ಹೋದಾಗ ಶೀನ, "ಪರೀಕ್ಷೆ ಮಾಡುವ" ಎಂದ. ಆಟದಲ್ಲಿ ಅಭ್ಯಾಸಕ್ಕೆಂದೇ ಒಂದು ಬಯಲಿದೆ. ಅಲ್ಲಿ ಎಷ್ಟು ಹೊಡೆದರೂ ಲೆಕ್ಕಕ್ಕಿಲ್ಲ. ಅಕ್ಕನನ್ನು ನಿಲ್ಲಿಸಿ, ಒಂದೊಂದು ಕವಚ ತೊಡಿಸಿ, ಶೀನ ಮುಂದಿನಿಂದ ಒಮ್ಮೆ, ಹಿಂದಿನಿಂದ ಒಮ್ಮೆ ಹೊಡೆದ. ಎಷ್ಟು ಗುಂಡಿಗೆ ಹರಿಯಿತು ಎಂದು ನಾನು ಯಾರದೋ ಹಳೆಯ ಮದುವೆ ಕಾಗದದ ಹಿಂಬದಿಯಲ್ಲಿ ಬರೆದುಕೊಂಡೆ. ಮೂರು ಜನ, ಮೂವರೂ ಐವತ್ತರ ಆಚೆ ಈಚೆಯವರು, ಹೊರಗೆ ಮಳೆ ಹೊಯ್ಯುತ್ತಿರುವಾಗ ಇಷ್ಟು ಶ್ರದ್ಧೆಯಿಂದ ಇನ್ನೇನನ್ನೂ ಮಾಡಿರಲಿಲ್ಲ. ಫಲಿತಾಂಶ ಬಂತು. ಮುಂದೆ ಎಷ್ಟೋ ಹಿಂದೆಯೂ ಅಷ್ಟೇ, ಮೂರರಲ್ಲೂ. ಎಲ್ಲಕ್ಕಿಂತ ಹೆಚ್ಚು ತಡೆದದ್ದು ಆನೆ.

"ನಿಮ್ದ್ ಎಣ್ಸಿದ್ದ್ ತಪ್ಪ್" ಎಂದಳು ಅಕ್ಕ. ಅವಳ ಧ್ವನಿಯಲ್ಲಿ ತಮಾಷೆ ಇರಲಿಲ್ಲ. ಶೀನ ಮತ್ತೆ ವಾದಕ್ಕೆ ಹೋಗಲಿಲ್ಲ.

ಅದಾದ ವಾರದಲ್ಲೇ ಆ ದಿನ ಬಂತು. ನಾನು ಆಟದ ಮೊದಲಿಗೇ ಸತ್ತಿದ್ದೆ. ಸತ್ತವರಿಗೆ ಅಲ್ಲಿ ಒಂದು ಸೌಕರ್ಯವುಂಟು. ಬದುಕಿರುವ ಜೊತೆಗಾರರ ಕಣ್ಣಿನಲ್ಲಿ ನೋಡಬಹುದು, ಅವರಿಗೆ ಕೇಳಿಸುವುದನ್ನೆಲ್ಲ ಕೇಳಬಹುದು. ನಾನು ಸಾಮಾನ್ಯವಾಗಿ ಸತ್ತ ಕೂಡಲೇ ಎದ್ದು ಹೋಗಿ ಏನಾದರೂ ತಿನ್ನುವವನು. ಅವತ್ತು ತಿನ್ನಲು ಏನೂ ಇಲ್ಲದೆ ಅಕ್ಕನ ಆಟ ನೋಡುತ್ತಾ ಕೂತೆ. ಅವಳು ಮುರುಕು ಮನೆಯೊಂದರ ಮಹಡಿಯಲ್ಲಿ ಒಂದು ಪೆಟ್ಟಿಗೆಯ ಎದುರು ನಿಂತಿದ್ದಳು. ಒಳಗೆ ಆನೆ, ಹಲ್ಲಿ ಎರಡೂ ಇದ್ದವು. ಯಾವುದು ತೊಡುವುದು ಎಂದು ತನ್ನಷ್ಟಕ್ಕೇ ಗೊಣಗುತ್ತಿದ್ದಳು.

ಆಗ ಕೆಳಗೆ ಯಾರೋ ಒಳಗೆ ಬಂದರು. ಒಡೆದ ಗಾಜಿನ ಮೇಲೆ ಕಾಲಿಟ್ಟದ್ದು ನನಗೆ ಚೆನ್ನಾಗಿ ಕೇಳಿಸಿತು. ಆಮೇಲೆ ಮರದ ಮೆಟ್ಟಿಲು. ಒಂದು, ಎರಡು, ಮೂರು. ಬಡಗಿ ಹಲಗೆ ಬಡಿದ ಹಾಗೆ. ಅಕ್ಕ ತಿರುಗಲಿಲ್ಲ. "ಹಲ್ಲಿಯೇ ಅಡ್ಡಿಲ್ಲೆ ಕಾಣತ್ತ್" ಎಂದು ಅದನ್ನೇ ತೊಟ್ಟಳು. ಮೆಟ್ಟಿಲು ಮುಗಿಯಿತು, ಹಲಗೆಯ ನೆಲದ ಮೇಲೆ ಹೆಜ್ಜೆ ಬೆನ್ನಿಗೇ ಬಂತು. ನಾನು, "ಅಕ್ಕ, ಹಿಂದೆ" ಎಂದು ಕೂಗಿದೆ. ಅವಳು ಥಟ್ಟನೆ ತಿರುಗಿದಳು, ಅಷ್ಟರಲ್ಲಿ ಗುಂಡು ಬಿದ್ದಿತ್ತು.

"ಕಂಡ್ರ್ಯಾ, ಈ ಹಲ್ಲಿದೂ ಬೆನ್ನ್ ಸಮ ಇಲ್ಲೆ. ಎಲ್ಲಿಂದ್ ಬಂದ್ನೋ ಪುಣ್ಯಾತ್ಮ, ದೆವ್ವದ ಹಂಗೆ" ಎಂದಳು.

"ಮೆಟ್ಲ್ ಹತ್ತಿದ್ದ್ ಕೇಣ್ಲಿಲ್ಯಾ?" ಎಂದೆ.

"ಎಂತ ಮೆಟ್ಲ್?"

ಶೀನ, "ಫೋನ್ ಚಾರ್ಜ್ ಇಲ್ಲೆ, ನಾಳೆ ಕಾಂಬ" ಎಂದು ಆಟ ನಿಲ್ಲಿಸಿದ. ಅವನಿಗೆ ಮುಂಚೆಯೇ ಗೊತ್ತಿತ್ತೆಂದು ಆಮೇಲೆ ತಿಳಿಯಿತು. ಇಯರ್‌ಫೋನಿನಲ್ಲಿ ಧ್ವನಿಯನ್ನು ಪೂರ್ತಿ ಏರಿಸಿಟ್ಟರೆ ಅವಳಿಗೆ ಮಾತು ಕೇಳಿಸುತ್ತದೆ, ಸಣ್ಣ ಸದ್ದು ಯಾವುದೂ ಕೇಳಿಸುವುದಿಲ್ಲ ಎಂಬುದನ್ನು ಅವನು ಕಂಡುಕೊಂಡಿದ್ದ. ನಮ್ಮಿಬ್ಬರನ್ನೂ ಒಂದೇ ತಂಡಕ್ಕೆ ಹಾಕಿದ್ದು ಸುಮ್ಮನೆ ಅಲ್ಲ. "ನಾನ್ ಹೇಳ್ರೆ ನೀವ್ ನಂಬ್ತಿರ್ಲಿಲ್ಲೆ ಚಂದ್ರಣ್ಣ" ಎಂದ. ಅದೂ ನಿಜ.

ನಾನು ಇಯರ್‌ಫೋನು ತೆಗೆದಿಟ್ಟೆ. ಹಪ್ಪಳದ ಚಾಪೆ, ಅದರ ಆಚೆ ತಲೆಯೆತ್ತಿ ನಕ್ಕ ಅಕ್ಕ, ಈಚೆ ನಾನು, ಎಲ್ಲ ಕಣ್ಣ ಮುಂದೆ ಬಂತು. ನನ್ನ ಬೆನ್ನ ಹಿಂದೆ ಪಿಕಪ್ಪು ಇತ್ತು. ಅದರ ಇಂಜಿನನ್ನು ನಾನು ಬಂದ್ ಮಾಡಿರಲಿಲ್ಲ. ಡೀಸೆಲ್ ಗಾಡಿಯ ಗಡಗಡ, ಮೇಲೆ ಹೆದ್ದಾರಿಯ ಲಾರಿಗಳು. ಅಕ್ಕನಿಗೆ ಕೇಳಿಸಿದ್ದು ಏನೂ ಇಲ್ಲ. ತಮ್ಮ ಬಂದ, ನಕ್ಕ, ಏನೋ ಹೇಳಿದ, ಹೋದ. ಅವಳು ಅಕ್ಕ್ ಅಕ್ಕ್ ಎಂದದ್ದು ಸುಮ್ಮನೆ ಮರ್ಯಾದೆಗೆ. ನಾನ್ನೂರು ಕಾಗದದಲ್ಲಿ ಒಂದನ್ನು ಅವಳ ಕೈಗೆ ಕೊಟ್ಟಿದ್ದರೆ ಸಾಕಿತ್ತು, ಓದಿಕೊಳ್ಳುತ್ತಿದ್ದಳು. ಒಳಗಿನವಳೆಂದು ಕೊಡಲಿಲ್ಲ. ಒಳಗಿನವಳೆಂದ ಮೇಲೆ ಒಳಗೆ ಹೋಗಿ ಕೂತು ಹೇಳಲೂ ಇಲ್ಲ. ನನಗೆ ನನ್ನ ಮೇಲೆಯೇ ಹೇಸಿಗೆಯಾಯಿತು. ಸುಮಿತ್ರೆಗೆ ಹೇಳಿದೆ. ಅವಳು, "ನಾಳೆ ಬೆಳಿಗ್ಗೆಯೇ ಹೋಯಿನಿ" ಎಂದಳು, ಅಷ್ಟೇ.

ಮರುದಿನ ಮಳೆ ಸ್ವಲ್ಪ ಬಿಟ್ಟಿತ್ತು. ಕಿರಿಮಂಜೇಶ್ವರದ ಮನೆಯ ಮುಂದೆ ಗಾಡಿ ನಿಲ್ಲಿಸಿ ಇಂಜಿನ್ ಬಂದ್ ಮಾಡಿದೆ. ಜಗಲಿಯಲ್ಲಿ ಪೇಪರು ಓದುತ್ತಿದ್ದ ಭಾವ ಕನ್ನಡಕ ತೆಗೆದು ನೋಡಿ, "ಎಂತ ಮಾರಾಯ, ದಾರಿ ತಪ್ಪಿತಾ?" ಎಂದರು. ಮಾತಿನಲ್ಲಿ ಕುಟುಕಿತ್ತು, ಆದರೂ ಎದ್ದು ಹೋಗಿ ತಾವೇ ಬೆಲ್ಲ ನೀರು ತಂದಿಟ್ಟರು. ನಾನು ಪೂರ್ತಿ ಕುಡಿದೆ. "ಒಳ್ಗಿತ್ತ್, ಹೋಯಿ ಮಾತಾಡ್" ಎಂದರು.

ಅಕ್ಕ ಅಡುಗೆಮನೆಯಲ್ಲಿ ನೆಲದ ಮೇಲೆ ಕೂತು ಪತ್ರೊಡೆಗೆ ಕೆಸುವಿನ ಎಲೆಗೆ ಹಿಟ್ಟು ಹಚ್ಚುತ್ತಿದ್ದಳು, ಬಾಗಿಲಿಗೆ ಬೆನ್ನು ಹಾಕಿ. ನಾನು ಬಾಗಿಲಲ್ಲಿ ನಿಂತು ಅಕ್ಕ ಎಂದೆ. ತಿರುಗಲಿಲ್ಲ. ಇನ್ನೊಮ್ಮೆ ಗಟ್ಟಿಯಾಗಿ ಕರೆದೆ. ತಿರುಗಲಿಲ್ಲ. ಸುತ್ತು ಹಾಕಿ ಹೋಗಿ ಅವಳ ಎದುರಿಗೆ ಕೂತೆ. ಅವಳು ಬೆಚ್ಚಿ ಎಲೆಯನ್ನು ಕೈಬಿಟ್ಟಳು. ತಲೆ ಬೆಳ್ಳಗಾಗಿತ್ತು. ಮೂರು ವರ್ಷದಲ್ಲಿ ಇಷ್ಟು ಬೆಳ್ಳಗಾದದ್ದನ್ನು ನಾನು ನೋಡಿರಲಿಲ್ಲ.

"ಒಕ್ಲಿಗೆ ನಾನ್ ಹೇಳಿದ್ದೆ ಅಕ್ಕ" ಎಂದೆ. "ನೀ ಹಪ್ಪಳ ಒಣಗ್ಸ್ತಾ ಇದ್ದೆ. ನಾ ಗಾಡಿ ಬಂದ್ ಮಾಡ್ದೆ ಹೇಳ್ದೆ. ನಿಂಗ್ ಕೇಣ್ಲಿಲ್ಲೆ. ತಪ್ಪ್ ನಂದ್."

ಅವಳು ನನ್ನ ಬಾಯಿಯನ್ನೇ ನೋಡುತ್ತಿದ್ದಳು. ಆಮೇಲೆ ಎಲೆಯನ್ನು ಎತ್ತಿಕೊಂಡು ಮತ್ತೆ ಹಿಟ್ಟು ಹಚ್ಚತೊಡಗಿದಳು.

"ನಂಗ್ ಗೊತ್ತಿತ್ತ್" ಎಂದಳು.

"ಎಂತ ಗೊತ್ತಿತ್ತ್?"

"ನೀ ಎಂತದೋ ಹೇಳ್ದೆ ಅಂದ್. ಬಾಯಿ ಆಡಿದ್ದ್ ಕಂಡಿದ್ದೆ. ಎಂತ ಅಂದೆ ಅಂದ್ ಇನ್ನೊಂದ್ ಸಲ ಕೇಂಬುಕ್ ನಾಚ್ಕಿ ಆಯ್ತ್. ಶುಕ್ರವಾರ ಶೀನ ಬಂದ್ ಒಕ್ಲ್ ಭರ್ಜರಿ ಆಯ್ತ್ ಅಂದ. ಆಗ್ಳೇ ಅಂದಾಜಾಯ್ತ್, ಅವತ್ತ್ ಹೇಳಿದ್ದ್ ಅದೇ ಅಂದ್."

"ಹಂಗಾರೆ ಮೂರ್ ವರ್ಷ ಎಂತಕೆ ಬಾಯಿ ಬಿಡ್ಲಿಲ್ಲೆ?"

ಅವಳು ಎಲೆಯ ಮೇಲೆ ಎಲೆ ಇಟ್ಟಳು, ಅಂಚನ್ನು ಒಳಕ್ಕೆ ಮಡಚಿದಳು. "ನಂಗ್ ಗರ್ವ ಬಂದಿತ್ತ್ ಅಂದ್ ನೀ ಹೇಳ್ದೆ ಅಂಬ್ರ್. ಹೇಳ್ಲಿ ಅಂದ್ ಸುಮ್ನಾದೆ. ಕೆಪ್ಪಿ ಅಂದ್ ಹೇಳ್ಸಿಕಂಬುಕಿಂತ ಗರ್ವದವ್ಳ್ ಅಂದ್ ಹೇಳ್ಸಿಕಂಬುದೇ ಒಳ್ಳೇದ್ ಕಂಡಿತ್."

ಒಂದು ಮಳೆಗಾಲವಿಡೀ ಕವಚ ಹೋಲಿಸಿದ ನನಗೆ ಆ ಮಾತು ಕೇಳಿ ಅಳು ಬಂತು. ಐವತ್ತೆರಡು ವರ್ಷದ ಗಂಡಸು ಅಕ್ಕನ ಅಡುಗೆಮನೆಯಲ್ಲಿ ಕೂತು ಅತ್ತರೆ ಚೆಂದ ಕಾಣುವುದಿಲ್ಲ, ಆದರೂ ಅತ್ತೆ. ಅವಳು ಸುರುಳಿ ಸುತ್ತಿ ಮುಗಿಸಿ, ಕೈ ತೊಳೆದು, ಸೆರಗಿಗೆ ಒರೆಸಿಕೊಂಡು ಬಂದು, ಕೂದಲನ್ನು ಬಲಗಿವಿಯ ಹಿಂದಕ್ಕೆ ಸರಿಸಿ ನನ್ನ ಪಕ್ಕ ಕೂತಳು.

"ಈ ಬದಿ ಸ್ವಲ್ಪ ಅಡ್ಡಿಲ್ಲೆ. ಈಗ ಹೇಳ್" ಎಂದಳು.

"ಎಂತ ಹೇಳುದ್?"

"ಅವತ್ತ್ ಹೇಳಿದ್ದ್. ಕ್ರಮದಂಗೆ ಹೇಳ್."

ನಾನು ಮೂಗು ಒರೆಸಿಕೊಂಡು ಎದ್ದು ನಿಂತೆ. ಬಗ್ಗಿ ಅವಳ ಬಲಗಿವಿಯ ಹತ್ತಿರ ಹೇಳಿದೆ. "ಅಕ್ಕ, ಬ್ರಹ್ಮಾವರದಂಗೆ ಒಂದ್ ಮನಿ ಕಟ್ಟಿದ್ದೆ. ಒಕ್ಲ್ ಇತ್ತ್. ನೀನೂ ಭಾವನೂ ಬರ್ಕ್. ನೀ ಬರ್ದೆ ಶುರು ಮಾಡುದಿಲ್ಲೆ."

"ಯಾವತ್ತ್?"

"ಇವತ್ತ್" ಎಂದೆ.

ಅಕ್ಕ ಒಲೆಯ ಬೆಂಕಿ ಆರಿಸಿದಳು. ಆಮೇಲೆ ಜಗಲಿಯ ಕಡೆ ಮುಖ ಮಾಡಿ, ಆಚೆಮನೆಯವರಿಗೂ ಕೇಳಿಸುವಷ್ಟು ದೊಡ್ಡದಾಗಿ ಭಾವನಿಗೆ ಹೇಳಿದಳು. "ಹ್ವಾಯ್, ಒಳ್ಳೆ ಅಂಗಿ ಹಾಕ್ಕಣಿ. ತಮ್ಮ ಒಕ್ಲಿಗೆ ಹೇಳುಕ್ ಬಂದಿದ್ದ."